ಪ್ರತಿಕ್ರಿಯೆ: ಕರೆಂಟು ಹೋದರೂ ರೆಕಾರ್ಡಿಂಗ್ ಉಳಿಯಲು

ಕಾರವಾರದಲ್ಲಿ ಕರೆಂಟು ಹೋಗಿ ಒಂದೂವರೆ ಗಂಟೆಯ ಕಂಪ್ಯೂಟರ್ ಆಟದ ರೆಕಾರ್ಡಿಂಗ್ ತೆರೆಯುತ್ತಲೇ ಇಲ್ಲ, ರೆಕಾರ್ಡ್ ಮಾಡುವಾಗ ಆಟವೂ ತಡವರಿಸುತ್ತದೆ ಎಂದು ಬರೆದಿದ್ದೀರಿ. ಓದಿ ಸಂಕಟವಾಯಿತು. ಶಿರಸಿಯ ಮಳೆಗಾಲದಲ್ಲಿ ನನಗೂ ಇದೇ ಆಗಿತ್ತು.

ಆ ಕೆಟ್ಟ ಫೈಲನ್ನು ದಯವಿಟ್ಟು ಅಳಿಸಬೇಡಿ. ಸಾಮಾನ್ಯ ಎಂಪಿ4 ವಿಡಿಯೋ ಫೈಲಿನ ಸೂಚಿ, ಅಂದರೆ ಯಾವ ದೃಶ್ಯ ಎಲ್ಲಿದೆ ಎಂಬ ಪಟ್ಟಿ, ರೆಕಾರ್ಡಿಂಗ್ ನಿಲ್ಲಿಸಿದಾಗಲೇ ಬರೆಯಲ್ಪಡುತ್ತದೆ. ನಡುವೆ ಯಂತ್ರ ಆರಿದರೆ ದೃಶ್ಯಗಳು ಡಿಸ್ಕಿನಲ್ಲಿದ್ದರೂ ಪ್ಲೇಯರಿಗೆ ಅವುಗಳ ಜಾಡು ಸಿಗುವುದಿಲ್ಲ. ಅದೇ ಸೆಟ್ಟಿಂಗ್‌ನಲ್ಲಿ ಇನ್ನೊಂದು ಚಿಕ್ಕ ರೆಕಾರ್ಡಿಂಗ್ ಮಾಡಿ, ಅದನ್ನು ಮಾದರಿಯಾಗಿ ಕೊಟ್ಟು 'ಅನ್‌ಟ್ರಂಕ್' ಎಂಬ ಉಚಿತ ತಂತ್ರಾಂಶದಿಂದ ಪ್ರಯತ್ನಿಸಿ. ಬಹಳಷ್ಟು ಮರಳಿ ಸಿಗಬಹುದು.

ಇನ್ನು ಮುಂದೆ ಓಬಿಎಸ್‌ನಲ್ಲಿ (ರೆಕಾರ್ಡಿಂಗ್ ತಂತ್ರಾಂಶ) ಎಂಪಿ4 ಬದಲು ಎಂಕೆವಿ ಎಂಬ ಫೈಲ್ ಬಗೆಯನ್ನು ಆರಿಸಿಕೊಳ್ಳಿ. ಕರೆಂಟು ಹೋದರೆ ಕೊನೆಯ ಕೆಲವು ಕ್ಷಣಗಳು ಹೋದಾವು, ಅಷ್ಟೇ. ಎಡಿಟಿಂಗ್‌ಗೆ ಎಂಪಿ4 ಬೇಕಾದರೆ ಫೈಲ್ ಮೆನುವಿನ 'ರೀಮಕ್ಸ್ ರೆಕಾರ್ಡಿಂಗ್ಸ್' ಸಾಕು, ಚಿತ್ರದ ಗುಣಮಟ್ಟ ಕುಗ್ಗುವುದಿಲ್ಲ.

ಎನ್‌ವಿಡಿಯಾ ಕಾರ್ಡ್ ಇದೆಯೆಂದಿರಲ್ಲ, ವಿಡಿಯೋವನ್ನು ಕುಗ್ಗಿಸಿ ಬರೆಯುವ ಎನ್‌ಕೋಡರನ್ನು ಪ್ರೊಸೆಸರ್ ಬಳಸುವ ಎಕ್ಸ್264ರಿಂದ ಆ ಕಾರ್ಡಿನದೇ ಆದ ಎನ್‌ವೆಂಕ್‌ಗೆ ಬದಲಿಸಿ. ಪ್ರೊಸೆಸರ್ ಆಟಕ್ಕೆ ಬಿಡುವಾಗುತ್ತದೆ. ಬಿಟ್‌ರೇಟ್ (ಸೆಕೆಂಡಿಗೆ ಬರೆಯುವ ಮಾಹಿತಿಯ ಪ್ರಮಾಣ) 12,000 ಕೆಬಿಪಿಎಸ್ ಇಟ್ಟರೆ ಗಂಟೆಗೆ ಸುಮಾರು 5.4 ಜಿಬಿ ಜಾಗ ಬೇಕು. ಮೈಕಿಗೆ ಪ್ರತ್ಯೇಕ ಆಡಿಯೋ ಟ್ರ್ಯಾಕ್ ಕೊಡಿ. ಹಂಚಿನ ಮೇಲೆ ಮಳೆ ಹೊಡೆಯುವ ಸದ್ದು ಮಾತನ್ನು ನುಂಗಿದ ಕಡೆ ಮೈಕಿನ ಟ್ರ್ಯಾಕನ್ನಷ್ಟೇ ತಗ್ಗಿಸಬಹುದು, ಆಟದ ಧ್ವನಿ ಹಾಗೆಯೇ ಉಳಿಯುತ್ತದೆ.