ಡಾ. ಝೊಮ್ಮರ್ ಯಾರು?

ಪ್ರಶ್ನೆ: ಜರ್ಮನಿಯ ‘ಬ್ರಾವೊ’ ಪತ್ರಿಕೆಯಲ್ಲಿ ಹದಿಹರೆಯದವರ ದೇಹ, ಲೈಂಗಿಕತೆಯ ಪ್ರಶ್ನೆಗಳಿಗೆ ಉತ್ತರಿಸುತ್ತಿದ್ದ ಡಾ. ಝೊಮ್ಮರ್ ನಿಜವಾದ ವೈದ್ಯರೇ?

ಉತ್ತರ: ಹೆಸರು ಕಟ್ಟಿದ್ದು, ಬರೆದವರು ಮಾತ್ರ ವೈದ್ಯರೇ. 1969ರಲ್ಲಿ ಆ ಹೆಸರಿನಲ್ಲಿ ಅಂಕಣ ಶುರು ಮಾಡಿದ ಮಾರ್ಟಿನ್ ಗೋಲ್ಡ್‌ಸ್ಟೈನ್ ಮನೋಚಿಕಿತ್ಸಕರೂ ಹೌದು, ಶಾಲೆಯಲ್ಲಿ ಧರ್ಮಶಿಕ್ಷಣ ಕಲಿಸಿದವರೂ ಹೌದು. ಅವರಿಗಿಂತ ಮೊದಲು ಇದೇ ಪತ್ರಿಕೆಯಲ್ಲಿ ‘ಡಾ. ಫೋಲ್ಮರ್’ ಇದ್ದರು. ಆ ‘ಡಾಕ್ಟರ್’ ವಾಸ್ತವದಲ್ಲಿ ಕಾದಂಬರಿಗಾರ್ತಿ ಮರೀ ಲೂಯಿಸ್ ಫಿಶರ್! ಓದುವ ಮಕ್ಕಳಿಗೆ ಎರಡೂ ಹೆಸರು ಒಂದೇ ಥರ ಕಂಡಿರಬೇಕು. ಬಿಳಿ ಕೋಟು ಕಾಗದದ ಮೇಲೆ ಬಲು ಅಗ್ಗ.

ಗೋಲ್ಡ್‌ಸ್ಟೈನ್ ಉಪದೇಶ ಬಿಟ್ಟು, ದೇಹದ ಪ್ರಶ್ನೆಗೆ ದೇಹದ ಉತ್ತರವನ್ನೇ ಕೊಟ್ಟರು. ಅದಕ್ಕೆ ಬೆಲೆಯನ್ನೂ ತೆರಬೇಕಾಯಿತು. ಹಸ್ತಮೈಥುನದ ಬಗ್ಗೆ ಬಂದ ಲೇಖನಗಳಿಗಾಗಿ 1972ರ ಎರಡು ಸಂಚಿಕೆಗಳನ್ನು ಪಶ್ಚಿಮ ಜರ್ಮನಿಯ ಸರ್ಕಾರಿ ಪರಿಶೀಲನಾ ಮಂಡಳಿ ನಿರ್ಬಂಧಿತ ಪಟ್ಟಿಗೆ ಸೇರಿಸಿತು. ಪಟ್ಟಿಗೆ ಸೇರಿದ್ದನ್ನು 18 ತುಂಬದವರಿಗೆ ಮಾರುವಂತಿಲ್ಲ, ಅಂಗಡಿಯಲ್ಲಿ ಕಾಣುವಂತೆ ಇಡುವಂತಿಲ್ಲ. ಹುಡುಗ-ಹುಡುಗಿಯರೇ ಕೊಳ್ಳುವ ಪತ್ರಿಕೆಗೆ ಇನ್ನೇನು ಉಳಿಯಿತು? ಅಂಕಣ ಹೇಗೋ ಬದುಕಿತು. 1984ರಲ್ಲಿ ಅವರು ಹೊರಬಂದರೂ ಹೆಸರು ಪತ್ರಿಕೆಯಲ್ಲೇ ಉಳಿದು, ‘ಡಾ. ಝೊಮ್ಮರ್ ತಂಡ’ವಾಯಿತು.

ಪ್ರಶ್ನೆ: ಅಚ್ಚಾಗದ ಪತ್ರಗಳ ಗತಿ?

ಉತ್ತರ: ವಾರಕ್ಕೆ ಸಾವಿರಾರು ಬರುತ್ತಿದ್ದವು, ಪುಟ ಹಿಡಿಯುತ್ತಿದ್ದುದು ಕೆಲವನ್ನು. ಉಳಿದವರಿಗೆ ತಂಡದವರು ಅಂಚೆಯಲ್ಲಿ ಉತ್ತರ ಬರೆಯುತ್ತಿದ್ದರು. ಕಣ್ಣಿಗೆ ಬೀಳದ ಈ ಕೆಲಸವೇ ದೊಡ್ಡದು.

ಪ್ರಶ್ನೆ: ನಮ್ಮ ಕಾಲೇಜು ಪತ್ರಿಕೆಯಲ್ಲಿ ಇಂಥ ಅಂಕಣ ಮಾಡಬೇಕೆಂದಿದ್ದೇವೆ. ಏನು ಎಚ್ಚರ ಬೇಕು?

ಉತ್ತರ: ಉತ್ತರ ಬರೆಯುವವರು ನೋಂದಾಯಿತ ವೈದ್ಯರಾಗಿರಲಿ, ನಿಜವಾದ ಹೆಸರು ಹಾಕಲಿ. ಪತ್ರದಿಂದ ಹೆಸರು, ಊರು, ತರಗತಿ ತೆಗೆಯಿರಿ. ವಯಸ್ಸು ಮಾತ್ರ ಹಾಗೇ ಇರಲಿ, ಅದಿಲ್ಲದೆ ಉತ್ತರ ತಪ್ಪುತ್ತದೆ: ಮುಟ್ಟು ಇನ್ನೂ ಶುರುವಾಗಿಲ್ಲ ಎಂಬ ಪ್ರಶ್ನೆ 12ರ ಹುಡುಗಿಯದಾದರೆ ಸಾಮಾನ್ಯವಾಗಿ ಧೈರ್ಯ ಹೇಳಿದರೆ ಸಾಕು, 16ರವಳದಾದರೆ ವೈದ್ಯರ ತಪಾಸಣೆಯೇ ಆಗಬೇಕು. ಮಾತ್ರೆಯ ಹೆಸರು, ಪ್ರಮಾಣ ಅಚ್ಚು ಹಾಕಬೇಡಿ. ಒಬ್ಬರಿಗೆ ಬರೆದದ್ದನ್ನು ಹತ್ತು ಜನ ನುಂಗುತ್ತಾರೆ.

ಸಾಯುವ ಮಾತು ಬರೆದ ಪತ್ರ ಮುಂದಿನ ಸಂಚಿಕೆಗೆ ಕಾಯಬಾರದು. ಅಂದೇ ಆ ವಿದ್ಯಾರ್ಥಿಯನ್ನು ಕಂಡು ಮಾತಾಡಿ, ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್ 14416ಕ್ಕೆ ಕರೆ ಮಾಡಿಸಿ. 18ರೊಳಗಿನವರು ಲೈಂಗಿಕ ದೌರ್ಜನ್ಯ ಹೇಳಿಕೊಂಡರೆ, ಪೋಕ್ಸೊ ಕಾಯ್ದೆಯ 19ನೇ ಕಲಂ ಪ್ರಕಾರ ಪೊಲೀಸರಿಗೆ ತಿಳಿಸುವುದು ಕಡ್ಡಾಯ. ಆದ್ದರಿಂದ ‘ಎಲ್ಲವೂ ಗುಟ್ಟಾಗಿರುತ್ತದೆ’ ಎಂದು ಪ್ರಶ್ನೆಪೆಟ್ಟಿಗೆಯ ಮೇಲೆ ಬರೆಯಬೇಡಿ. ಮಕ್ಕಳ ಸಹಾಯವಾಣಿ 1098 ಬರೆಯಿರಿ.