ಚೀಟಿ ಎತ್ತದೆ ಕುಂಡ ಜೋಡಿಸಬೇಡಿ

ಸರ್, ಗುಂಪಿನಲ್ಲಿ ನೀವು ಹಾಕಿದ ಪೋಸ್ಟ್, ಫೋಟೋ ಎಲ್ಲ ನೋಡಿದೆ. ಎರಡು ಟ್ರೇ ಚೆಂಡುಹೂವಿನ ಸಸಿ. ಒಂದಕ್ಕೆ ವಾರಕ್ಕೊಮ್ಮೆ ಕಡಲಪಾಚಿ ದ್ರಾವಣ, ಇನ್ನೊಂದಕ್ಕೆ ಏನೂ ಇಲ್ಲ. ಮೂರು ವಾರಕ್ಕೆ ಸಿಂಪಡಿಸಿದ ಟ್ರೇ ಎರಡು ಇಂಚು ಹೆಚ್ಚು ಎತ್ತರ ಬಂತು, ಹಾಗಾಗಿ ‘ವೈಜ್ಞಾನಿಕವಾಗಿ ಸಾಬೀತಾಯಿತು’ ಅಂತ ಬರೆದಿದ್ದೀರಿ. ಇಲ್ಲ ಸರ್, ಸಾಬೀತಾಗಿಲ್ಲ. ಬೇಸರ ಮಾಡ್ಕೋಬೇಡಿ. ಇದೇ ತಪ್ಪು ಮಾಡಿ ನಾನು ಒಂದಿಡೀ ಹಂಗಾಮು ಕಳೆದುಕೊಂಡಿದ್ದೇನೆ. ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಮೂರನೇ ಫೋಟೋ ಇನ್ನೊಮ್ಮೆ ನೋಡಿ. ಸಿಂಪಡಿಸಿದ ಟ್ರೇ ಗೋಡೆ ಕಡೆಗಿದೆ, ಕಂಟ್ರೋಲ್ ಟ್ರೇ, ಅಂದರೆ ಹೋಲಿಸಿ ನೋಡಲು ಏನೂ ಹಾಕದೆ ಇಟ್ಟದ್ದು, ಕಿಟಕಿ ಪಕ್ಕದಲ್ಲಿದೆ. ಗೋಡೆ ಕಡೆಯ ಸಸಿಗಳ ಕಾಂಡ ಸಣಕಲು, ಗೆಣ್ಣುಗಳ ನಡುವೆ ಅಂತರ ಜಾಸ್ತಿ, ಎಲ್ಲವೂ ಕಿಟಕಿ ಕಡೆಗೆ ವಾಲಿವೆ. ಬೆಳಕು ಸಾಲದೆ ಕತ್ತು ಚಾಚಿರುವ ಸಸಿ ಅವು. ಗೆದ್ದಿತು ಅಂತ ನೀವು ಅಂದುಕೊಂಡ ಟ್ರೇನೇ ಬಡವಾಗಿರಬಹುದು. ಸಸಿ ಹಂತದಲ್ಲಿ ಎತ್ತರ ಒಂದನ್ನೇ ಅಳೆಯಬಾರದು ಅಂತ ಹೇಳೋದು ಇದಕ್ಕೇ.

ಇನ್ನೊಂದು ವಿಷಯ. ಕಂಟ್ರೋಲ್‌ಗೆ ‘ಏನೂ ಇಲ್ಲ’ ಅಂದರೆ ಬರೀ ನೀರನ್ನೂ ಸಿಂಪಡಿಸಿಲ್ಲ ಅಲ್ವಾ? ದ್ರಾವಣದಲ್ಲಿ ಬಹುಪಾಲು ನೀರೇ. ಹಾಗಾದರೆ ಕೆಲಸ ಮಾಡಿದ್ದು ಪಾಚಿಯೋ, ಎಲೆ ಮೇಲೆ ಬಿದ್ದ ನೀರೋ? ಹೇಳೋಕೆ ಆಗಲ್ಲ. ಅಷ್ಟೇ ನೀರು, ಅದೇ ದಿನ, ಅದೇ ಹೊತ್ತು, ಪಾಚಿ ಮಾತ್ರ ಇಲ್ಲ. ಅದು ಕಂಟ್ರೋಲ್.

ಈಗ ನನ್ನ ಕಥೆ. ನಾಲ್ಕು ವರ್ಷದ ಹಿಂದೆ ಮನೆಯಲ್ಲೇ ಮಾಡಿದ ಒಂದು ದ್ರಾವಣ ಪರೀಕ್ಷೆ ಮಾಡಲು 20 ಕಪ್ ಇಟ್ಟಿದ್ದೆ. ಯಾವ ಹತ್ತಕ್ಕೆ ಹಾಕೋದು ಅಂತ ನಾನೇ ಆರಿಸಿದೆ. ಬೇಕಂತ ಮಾಡಿದ್ದಲ್ಲ, ಆದರೆ ಕೈ ತಾನಾಗಿಯೇ ದಪ್ಪ ಸಸಿಗಳ ಕಡೆ ಹೋಗಿತ್ತು. ಮೊದಲ ದಿನದ ಫೋಟೋ ಆಮೇಲೆ ತೆಗೆದು ನೋಡಿದಾಗ ಗೊತ್ತಾಯಿತು. ಅಳತೆಯೂ ನಾನೇ ಮಾಡಿದೆ. ಸ್ಕೇಲಿನಲ್ಲಿ 14.3 ಕಂಡರೆ ದ್ರಾವಣ ಹಾಕಿದ್ದಕ್ಕೆ 14.5 ಅಂತ ಬರೆದಿದ್ದೆ, ಹಾಕದ್ದಕ್ಕೆ 14. ಕೊನೆಗೆ 3 ಸೆಂಟಿಮೀಟರ್ ವ್ಯತ್ಯಾಸ ಬಂತು. ಖುಷಿಯಿಂದ ಎಲ್ಲರಿಗೂ ಹೇಳಿದೆ, ನಾಲ್ಕು ಜನ ನನ್ನ ಮಾತು ನಂಬಿ ತಾವೂ ಮಾಡಿದರು. ಅದು ಇವತ್ತಿಗೂ ಚುಚ್ಚುತ್ತದೆ.

ಮುಂದಿನ ಸಲ ಚೀಟಿ ಪದ್ಧತಿ ಹಿಡಿದೆ, ಇವತ್ತಿನವರೆಗೂ ಬಿಟ್ಟಿಲ್ಲ. ಕುಂಡಗಳಿಗೆ 1ರಿಂದ 20 ನಂಬರ್ ಬರೆದೆ. 20 ಚೀಟಿ ಮಡಚಿ ಡಬ್ಬಿಗೆ ಹಾಕಿ ಕುಲುಕಿದೆ. ಮೊದಲು ಬಂದ ಹತ್ತು ನಂಬರಿಗೆ ದ್ರಾವಣ. ಆದರೆ ಚೀಟಿ ಎತ್ತಿದ್ದು ನಾನಲ್ಲ, ನನ್ನ ತಂಗಿ. ದ್ರಾವಣವನ್ನೂ ನೀರನ್ನೂ ಒಂದೇ ಥರದ ಎರಡು ಬಾಟಲಿಗೆ ತುಂಬಿ ಸಿಂಪಡಿಸಿದ್ದೂ ಅವಳೇ. ಪಟ್ಟಿಯನ್ನು ಲಕೋಟೆಯಲ್ಲಿ ಹಾಕಿ ಅಂಟಿಸಿಟ್ಟಳು. ನಾನು ನಂಬರ್ ನೋಡಿ ಅಳೆದೆ, ಅಷ್ಟೇ. ಲಕೋಟೆ ಒಡೆದಾಗ ವ್ಯತ್ಯಾಸ 2 ಮಿಲಿಮೀಟರ್. ಅದೂ ನೀರು ಹಾಕಿದ ಕಡೆಗೇ ಜಾಸ್ತಿ!

ಇದು ನನ್ನ ಕಂಡುಹಿಡಿಕೆ ಏನಲ್ಲ. ಸಂಖ್ಯಾಶಾಸ್ತ್ರಜ್ಞ ರೊನಾಲ್ಡ್ ಫಿಶರ್ 1919ರಲ್ಲಿ ಇಂಗ್ಲೆಂಡಿನ ರೊಥಾಮ್‌ಸ್ಟೆಡ್ ಕೃಷಿ ಸಂಶೋಧನಾ ಕೇಂದ್ರ ಸೇರಿದ ಮೇಲೆ ಹೊಲದ ಪ್ರಯೋಗಗಳಿಗೆ ಹೇಳಿದ್ದು ಇದನ್ನೇ. ಯಾವ ತುಂಡು ನೆಲಕ್ಕೆ ಯಾವ ಗೊಬ್ಬರ ಅನ್ನೋದನ್ನು ಮನುಷ್ಯ ಆರಿಸಬಾರದು, ಚೀಟಿ ಆರಿಸಬೇಕು. ನೆಲದಲ್ಲಿರುವ ಏರುಪೇರು ಒಂದೇ ಕಡೆಗೆ ಸೇರಿಕೊಳ್ಳದಿರಲಿ ಅಂತ.

ನಿಮ್ಮದು ಒಂದೊಂದು ಟ್ರೇಯಲ್ಲಿ 10 ಸಸಿ, ಒಟ್ಟು 20 ಅಂತ ಲೆಕ್ಕ ಹಾಕಿದ್ದೀರಿ. ನಿಜವಾಗಿ ಅದು 1+1, ಅಂದರೆ ಒಂದು ಟ್ರೇಗೆ ಒಂದು ಟ್ರೇ. ಒಂದೇ ಟ್ರೇಯ ಸಸಿಗಳಿಗೆ ನೀರು, ಮಣ್ಣು, ಬೆಳಕು ಎಲ್ಲ ಹಂಚಿಕೆ. ಟ್ರೇ ಕೆಟ್ಟರೆ ಹತ್ತೂ ಕೆಡುತ್ತವೆ. ಹತ್ತು ಸಸಿ ಇದ್ದ ಮಾತ್ರಕ್ಕೆ ರೆಪ್ಲಿಕೇಷನ್, ಅಂದರೆ ಅದೇ ಪ್ರಯೋಗವನ್ನು ಬೇರೆ ಬೇರೆಯಾಗಿ ಹತ್ತು ಸಲ ಮಾಡಿದ ಹಾಗೆ, ಆಗಲ್ಲ. ಬೇರೆ ಬೇರೆ ಕಪ್ ಮಾಡಿ. 8 ಕಪ್ ಆದರೂ ಸಾಕು, 4+4, ನಾಲ್ಕಕ್ಕೆ ದ್ರಾವಣ, ನಾಲ್ಕಕ್ಕೆ ನೀರು. ಎಂಟರಲ್ಲಿ ನಾಲ್ಕನ್ನು ಆರಿಸಲು 70 ದಾರಿ ಇವೆ. ದ್ರಾವಣದಲ್ಲಿ ಏನೂ ಸತ್ವ ಇಲ್ಲದಿದ್ದರೂ ದ್ರಾವಣ ಹಾಕಿದ ನಾಲ್ಕು ಕಪ್ಪೇ ಮೊದಲ ನಾಲ್ಕು ಸ್ಥಾನ ಹಿಡಿಯುವ ಸಾಧ್ಯತೆ 70ಕ್ಕೆ 1. 3+3 ಇಟ್ಟರೆ 20ಕ್ಕೆ 1. 2+2 ಇಟ್ಟರೆ 6ಕ್ಕೆ 1, ಅಂದರೆ ದಾಳ ಹಾಕಿದ ಹಾಗೆ. ಚೀಟಿ ಎತ್ತಿದ್ದರೆ ಮಾತ್ರ ಈ ಲೆಕ್ಕ ನಿಲ್ಲುತ್ತದೆ. ಕಿಟಕಿಯಿಂದ ಒಂದೇ ದೂರದಲ್ಲಿರೋದನ್ನು ಜೋಡಿ ಮಾಡಿ ಪ್ರತಿ ಜೋಡಿಗೂ ನಾಣ್ಯ ಚಿಮ್ಮುವುದಾದರೆ ಇನ್ನೂ ಒಳ್ಳೆಯದು, ಆದರೆ ಆಗ ಲೆಕ್ಕ ಬೇರೆ. 6 ಜೋಡಿಯಲ್ಲೂ ದ್ರಾವಣವೇ ಗೆಲ್ಲುವ ಸಾಧ್ಯತೆ 64ಕ್ಕೆ 1.

ಒಂದು ವಿಷಯಕ್ಕೆ ಮಾತ್ರ ಬೈಯಲೇಬೇಕು. ‘ಕಂಟ್ರೋಲ್‌ನಲ್ಲಿ ಚೆನ್ನಾಗಿ ಬಂದಿದ್ದ ಎರಡು ಸಸಿ ಸರಿಯಿರಲಿಲ್ಲ, ಲೆಕ್ಕಕ್ಕೆ ಬಿಟ್ಟೆ’ ಅಂದಿದ್ದೀರಿ. ದಯವಿಟ್ಟು ಹಾಗೆ ಮಾಡಬೇಡಿ! ಸತ್ತದ್ದು, ಬಾಡಿದ್ದು, ಮಿತಿಮೀರಿ ಬೆಳೆದದ್ದು ಎಲ್ಲ ಪುಸ್ತಕದಲ್ಲಿ ಇರಬೇಕು. ಏನು ಅಳೆಯುತ್ತೇನೆ, ಯಾವ ದಿನ ನಿಲ್ಲಿಸುತ್ತೇನೆ, ಯಾವ ಫಲಿತಾಂಶ ಬಂದರೆ ನನ್ನ ಊಹೆ ತಪ್ಪು, ಈ ಮೂರನ್ನೂ ಬೀಜ ಹಾಕುವ ಮೊದಲೇ ಬರೆದು ಗುಂಪಿನಲ್ಲಿ ಹಾಕಿ. ವ್ಯತ್ಯಾಸ ಕಂಡ ದಿನವೇ ನಿಲ್ಲಿಸೋದು ಕೂಡ ಸುಮ್ನೆ ನಮ್ಮನ್ನು ನಾವೇ ನಂಬಿಸಿಕೊಂಡ ಹಾಗೆ.

ಅಳತೆ ಸರಿ ಇದ್ದರೂ ತೀರ್ಮಾನ ತಪ್ಪಬಹುದು, ಅದೂ ನೆನಪಿರಲಿ. ಹಿಂದಿನ ಕಾಲದ ವಿಜ್ಞಾನಿ ವಾನ್ ಹೆಲ್ಮಾಂಟ್ 200 ಪೌಂಡ್ ಒಣಮಣ್ಣಿನಲ್ಲಿ 5 ಪೌಂಡ್ ತೂಕದ ವಿಲ್ಲೋ ಸಸಿ ನೆಟ್ಟು ಐದು ವರ್ಷ ನೀರು ಹಾಕಿದ. ಮರ 169 ಪೌಂಡ್ ದಾಟಿತು, ಮಣ್ಣು ಕಮ್ಮಿಯಾದದ್ದು ಸುಮಾರು 2 ಔನ್ಸ್. ಮರವೆಲ್ಲ ನೀರಿನಿಂದಲೇ ಆಯಿತು ಅಂದ. ಎಷ್ಟು ತಾಳ್ಮೆಯ ಕೆಲಸ ನೋಡಿ! ಗಾಳಿಯಿಂದಲೂ ಬಂದಿರಬಹುದು ಅನ್ನೋದು ಅವನ ಲೆಕ್ಕದಲ್ಲೇ ಇರಲಿಲ್ಲ. ನನ್ನ ಪುಸ್ತಕದಲ್ಲಿ ಪ್ರತಿ ಪ್ರಯೋಗಕ್ಕೂ ‘ಇನ್ನೇನಿರಬಹುದು?’ ಅಂತ ಒಂದು ಪುಟ ಖಾಲಿ ಬಿಟ್ಟಿರುತ್ತೇನೆ. ಬೆಳಕು, ಗಾಳಿ, ಕಪ್ ಅಳತೆ, ಬೀಜದ ಪ್ಯಾಕೆಟ್, ಏನು ಹೊಳೆದರೂ ಅಲ್ಲಿ ಬರೆಯುತ್ತೇನೆ.

ಬರೆಯೋದು ಕಾಗದದ ಮೇಲೆ, ಪೆನ್ನಿನಲ್ಲಿ. ಎಕ್ಸೆಲ್ ಆಮೇಲೆ. ಎಕ್ಸೆಲ್ ಲೆಕ್ಕಕ್ಕೆ ಒಳ್ಳೆಯದೇ, ಆದರೆ ‘3-4’ ಅಂತ ಕುಂಡದ ನಂಬರ್ ಹೊಡೆದರೆ ಅದನ್ನು ತಾರೀಖು ಮಾಡಿಬಿಡುತ್ತದೆ. ‘ಮಾರ್ಚ್1’, ‘ಸೆಪ್ಟ್1’ ಅಂತಿದ್ದ ಜೀನ್ (ವಂಶವಾಹಿ) ಹೆಸರುಗಳನ್ನು ವಿಜ್ಞಾನಿಗಳು ಇದೇ ಕಾಟಕ್ಕೆ ಬದಲಿಸಬೇಕಾಯಿತು, ಅಂಥ ಹೆಸರು ಬದಲಿಸುವ ನಿಯಮ 2020ರಲ್ಲಿ ಬಂತು. ಕಾಲಮ್ಮನ್ನು ಮೊದಲೇ ಟೆಕ್ಸ್ಟ್ ಅಂತ ಮಾಡಿಕೊಳ್ಳಿ.

ಎರಡೂ ಟ್ರೇ ಇನ್ನೂ ಇದ್ದರೆ ಎಸೆಯಬೇಡಿ, ಈ ಸಲ ಎತ್ತರ ಬಿಟ್ಟು ಒಣ ತೂಕ ನೋಡೋಣ. ಸಸಿಗಳನ್ನು ಮಣ್ಣಿನ ಮಟ್ಟಕ್ಕೆ ಕತ್ತರಿಸಿ, ಪೇಪರ್ ಕವರಿನಲ್ಲಿ ಹಾಕಿ, ಓವನ್‌ನಲ್ಲಿ 70 ಡಿಗ್ರಿಯಲ್ಲಿ ಒಣಗಿಸಿ. ತೂಕ ಇಳಿಯೋದು ನಿಂತ ಮೇಲೆ ತೂಗಿ. ಒಂದು ಗ್ರಾಂ ತೋರಿಸುವ ಅಡುಗೆಮನೆ ತಕ್ಕಡಿ ಇದಕ್ಕೆ ಸಾಲದು, 0.01 ಗ್ರಾಂ ತೋರಿಸುವುದು ಬೇಕು. ಯಾವ ಕವರ್ ಯಾವ ಟ್ರೇಯದು ಅಂತ ತೂಗುವವರಿಗೆ ಹೇಳಬೇಡಿ. ಗೋಡೆ ಕಡೆಯ ಟ್ರೇ ಹಗುರ ಬರುತ್ತದೆ ಅಂತ ನನ್ನ ಊಹೆ, ಇಲ್ಲೇ ಬರೆದಿಟ್ಟಿದ್ದೇನೆ. ಏನು ಬಂತು ಅಂತ ಇದೇ ಪೋಸ್ಟಿನ ಕೆಳಗೆ ಹಾಕಿ ಸರ್.