ರಿಂಗನ್ನು ಮೊದಲು ಬೋರಿಗೆ ಹಾಕಿ ನೋಡಿ

ಈ ಸಲ ಬಂದ ಪತ್ರಗಳಲ್ಲಿ ಮೂರು ಪತ್ರ ಪಿಸ್ಟನ್ ರಿಂಗಿನ ಬಗ್ಗೆಯೇ ಇವೆ, ಅಂದರೆ ಪಿಸ್ಟನ್ನಿಗೂ ಅದು ಏರಿಳಿಯುವ ಬೋರಿಗೂ (ಸಿಲಿಂಡರಿಗೂ) ನಡುವೆ ಗ್ಯಾಸು ಸೋರದಂತೆ ತಡೆಯುವ ಬಳೆಯ ಬಗ್ಗೆ. ಮೊದಲನೆಯದಕ್ಕೆ ಉತ್ತರ ಉದ್ದವಾಯಿತು, ಉಳಿದವರು ಬೇಸರ ಮಾಡಿಕೊಳ್ಳಬಾರದು.

ಪ್ರಶ್ನೆ: ಅಪ್ಪನ ಬಜಾಜ್ ಚೇತಕ್ ಹತ್ತು ಹನ್ನೆರಡು ವರ್ಷದಿಂದ ಕೊಟ್ಟಿಗೆಯಲ್ಲೇ ನಿಂತಿತ್ತು. ನಾನೇ ಬಿಚ್ಚಿ ರಿಪೇರಿ ಮಾಡುತ್ತಿದ್ದೇನೆ. ಕಿಕ್ಕರ್ ಹೊಡೆದರೆ ಕಾಲಿಗೆ ಬಿಗಿಯೇ ಸಿಗುತ್ತಿರಲಿಲ್ಲ. ಸ್ಟ್ಯಾಂಡರ್ಡ್ ರಿಂಗ್ ಸೆಟ್ ತಂದಿದ್ದೇನೆ. ಒಬ್ಬ ಮೆಕ್ಯಾನಿಕ್ ‘ರಿಂಗ್ ಹಾಕಿ ಮುಚ್ಚಿಬಿಡಿ, ಬೋರಿಂಗ್ ದಂಡ’ ಅಂತಾರೆ. ಇನ್ನೊಬ್ಬರು ‘ಓವರ್‌ಸೈಜ್ ರಿಂಗ್ ತಂದು ತುದಿಗೆ ಅರ ಹಾಕಿ ಕೂರಿಸಿ’ ಅಂತಾರೆ. ರಿಂಗ್ ಕೂರುವ ಗ್ರೂವ್ ಒಳಗೆ ಚಿಕ್ಕ ಪಿನ್ ಕಾಣುತ್ತಿದೆ, ಅದನ್ನು ತೆಗೆಯಬೇಕಾ? ಪಿಸ್ಟನ್ ಮೇಲಿನ ಬಾಣದ ಗುರುತು ಯಾವ ಕಡೆಗೆ ಬರಬೇಕು?
— ಅರಸೀಕೆರೆಯ ಓದುಗರು

ಉತ್ತರ: ಪಿನ್ ಮುಟ್ಟಬೇಡಿ. ಅದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದು ಆಮೇಲೆ.

ಬೋರಿಂಗ್, ಅಂದರೆ ಬೋರನ್ನು ಕೊರೆದು ತುಸು ದೊಡ್ಡದು ಮಾಡಿಸುವುದು, ಬೇಕೋ ಬೇಡವೋ ಎಂಬುದನ್ನು ನೀವು ತಂದಿರುವ ಆ ಹೊಸ ರಿಂಗೇ ಹೇಳುತ್ತದೆ. ಪಿಸ್ಟನ್‌ಗೆ ಹಾಕುವ ಮೊದಲು ಬರೀ ಬೋರನ್ನು ಮೇಜಿನ ಮೇಲಿಟ್ಟು, ಒಂದು ರಿಂಗನ್ನು ಅದರ ಬಾಯಿಗೆ ಕೂರಿಸಿ, ಪಿಸ್ಟನ್ನಿನ ತಲೆಯಿಂದ ಮೆಲ್ಲಗೆ ಒಳಕ್ಕೆ ತಳ್ಳಿ. ಬೆರಳಿನಿಂದ ತಳ್ಳಿದರೆ ಓರೆಯಾಗಿ ಕೂರುತ್ತದೆ, ಓರೆ ಕೂತ ರಿಂಗಿನಿಂದ ಸರಿ ಅಳತೆ ಸಿಗುವುದಿಲ್ಲ. ಬಾಯಿಂದ ಒಂದೂವರೆ ಸೆಂಟಿಮೀಟರ್ ಒಳಗೆ ಹೋದಮೇಲೆ ಎರಡು ತುದಿಗಳ ನಡುವಿನ ಸಂದಿಗೆ ಫೀಲರ್ ಗೇಜ್ (ಸಂದಿ ಅಳೆಯುವ ತೆಳು ಉಕ್ಕಿನ ಪಟ್ಟಿ) ಹಾಕಿ ನೋಡಿ. ಆಮೇಲೆ ಬೋರಿನ ತಳದಲ್ಲಿ, ಪೋರ್ಟುಗಳಿಗಿಂತ (ಗೋಡೆಯಲ್ಲಿ ಗ್ಯಾಸು ಓಡಾಡುವ ಕಿಟಕಿಗಳಿಗಿಂತ) ಕೆಳಗೆ ಇಟ್ಟು ಇನ್ನೊಮ್ಮೆ ಅಳೆಯಿರಿ. ತಳದಲ್ಲಿ ರಿಂಗು ಹೆಚ್ಚು ಉಜ್ಜುವುದಿಲ್ಲವಾದ್ದರಿಂದ ಅಲ್ಲಿ ಬೋರು ಹೆಚ್ಚುಕಡಿಮೆ ಹೊಸದರಂತೆಯೇ ಇರುತ್ತದೆ.

ಈಗ ಒಂದು ಸಣ್ಣ ಲೆಕ್ಕ. ಬೋರಿನ ವ್ಯಾಸ 0.1 ಮಿ.ಮೀ. ಸವೆದರೆ ಸುತ್ತಳತೆ 0.3 ಮಿ.ಮೀ.ಗಿಂತ ಸ್ವಲ್ಪ ಹೆಚ್ಚು ಬೆಳೆಯುತ್ತದೆ, ಅಷ್ಟೂ ಸಂದಿಗೆ ಬಂದು ಸೇರುತ್ತದೆ. ತಳದಲ್ಲಿ 0.30, ಮೇಲೆ 0.80 ಬಂತು ಅಂದುಕೊಳ್ಳಿ. ವ್ಯತ್ಯಾಸ 0.50, ಅದನ್ನು 3.14ರಿಂದ ಭಾಗಿಸಿದರೆ 0.16. ಅಂದರೆ ಬೋರು ಮೇಲ್ಗಡೆ 0.16 ಮಿ.ಮೀ. ಅಗಲವಾಗಿದೆ. ಅಂಥ ಬೋರಿಗೆ ಹೊಸ ರಿಂಗ್ ಹಾಕುವುದು ಹರಿದ ಕೊಡೆಗೆ ಹೊಸ ಹಿಡಿ ಹಾಕಿದ ಹಾಗೆ. ಮೇಲಿನ ಅಂಚಿನ ಹತ್ತಿರ ಉಗುರು ಆಡಿಸಿ ನೋಡಿ. ಉಗುರು ತಡೆದರೆ ಅಲ್ಲೊಂದು ಮೆಟ್ಟಿಲಾಗಿದೆ ಎಂದರ್ಥ. ಹಳೇ ರಿಂಗು ಆ ಮೆಟ್ಟಿಲಿನ ಜತೆಗೇ ಸವೆದು ಹೊಂದಿಕೊಂಡಿರುತ್ತದೆ. ಹೊಸದರ ಮೂಲೆ ಚೂಪಾಗಿರುವುದರಿಂದ ಪ್ರತಿ ಸುತ್ತಿಗೂ ಅದಕ್ಕೆ ಬಡಿದು ಕೊನೆಗೆ ಮುರಿಯುತ್ತದೆ.

ಎರಡು ಅಳತೆಯೂ ಹತ್ತಿರ ಹತ್ತಿರ ಬಂದರೆ, ಗೀರಿಲ್ಲದಿದ್ದರೆ, ತುಕ್ಕಿನ ಗುಳಿಗಳಿಲ್ಲದಿದ್ದರೆ ಮೊದಲನೆಯ ಮೆಕ್ಯಾನಿಕ್ ಹೇಳಿದ್ದೇ ಸರಿ, ಹೋನಿಂಗ್ (ಬೋರಿನ ಒಳಮೈಯನ್ನು ಕಲ್ಲಿನಿಂದ ಹಗುರವಾಗಿ ಉಜ್ಜುವುದು) ಮಾಡಿಸಿ ರಿಂಗ್ ಹಾಕಿ. ಆದರೆ ಹತ್ತು ಹನ್ನೆರಡು ವರ್ಷ ನಿಂತ ಗಾಡಿ ಅಂತೀರಿ. ಪಿಸ್ಟನ್ ನಿಂತಿದ್ದ ಜಾಗದಲ್ಲಿ ತುಕ್ಕಿನ ಉಂಗುರ ಮೂಡಿರುವ ಸಾಧ್ಯತೆಯೇ ಹೆಚ್ಚು. ಗುಳಿ ಬಿದ್ದಿದ್ದರೆ ಬೋರಿಂಗ್ ಮಾಡಿಸಿ, 0.25 ಮಿ.ಮೀ. ಓವರ್‌ಸೈಜ್ ಪಿಸ್ಟನ್ನನ್ನೂ ಅದರದೇ ರಿಂಗನ್ನೂ ಜತೆಯಾಗಿ ಹಾಕಿ. ಪಿಸ್ಟನ್ ಕೈಗೆ ಬಂದ ಮೇಲೇ ಬೋರನ್ನು ಲೇತ್‌ನವರಿಗೆ ಕೊಡಿ, ಅವರು ಪಿಸ್ಟನ್ ಅಳೆದು ಅದಕ್ಕೆ ತಕ್ಕಂತೆ ಬೋರ್ ಕೊರೆಯಬೇಕು.

ಎರಡನೆಯ ಸಲಹೆ, ಅಂದರೆ ದೊಡ್ಡ ಅಳತೆಯ ರಿಂಗಿಗೆ ಅರ ಹಾಕುವುದು, ಬೇಡ. ನಿಮ್ಮ ಚೇತಕ್‌ನ ಬೋರು 57 ಮಿ.ಮೀ., ಸ್ಟ್ರೋಕೂ 57. ಜನ 150 ಅಂದರೂ ನಿಜವಾಗಿ ಅದು 145 ಸಿಸಿ ಗಾಡಿ. 57ರ ಬೋರಿಗೆ 57.25ರ ರಿಂಗ್ ಹಿಡಿಸಬೇಕಾದರೆ ತುದಿಯಿಂದ ಮುಕ್ಕಾಲು ಮಿಲಿಮೀಟರಿಗೂ ಹೆಚ್ಚು ಉಜ್ಜಿ ತೆಗೆಯಬೇಕು. ಆಗ ಪಿನ್ ಕೂರಲೆಂದು ತುದಿಗಳಲ್ಲಿ ಕೊರೆದಿರುವ ಕಚ್ಚು ಕೆಡುತ್ತದೆ. ಕಚ್ಚು ಉಳಿದರೂ ರಿಂಗು ಬೋರಿಗೆ ಸುತ್ತಲೂ ಒಂದೇ ಸಮ ಒತ್ತುವುದಿಲ್ಲ. ಅನುಮಾನವಿದ್ದರೆ ಅಂಥ ರಿಂಗನ್ನು ಬೋರಿನಲ್ಲಿಟ್ಟು ಕೆಳಗಿನಿಂದ ಟಾರ್ಚ್ ಹಿಡಿದು ನೋಡಿ. ಅಂಚಿನಲ್ಲಿ ಬೆಳಕು ಸೋರುತ್ತದೆ. ಬೆಳಕು ಸೋರುವಲ್ಲಿ ಗ್ಯಾಸ್ ಸೋರದೆ ಇರುತ್ತದೆಯೇ?

ಹಾಗಾದರೆ ಸಂದಿಯೇ ಇಲ್ಲದಂತೆ ಮಾಡಿದರೆ ಒಳ್ಳೆಯದಲ್ಲವೇ ಎಂದು ಕೆಲವರು ಕೇಳುತ್ತಾರೆ. 57ರ ಬೋರಿನ ಸುತ್ತಳತೆ ಸುಮಾರು 179 ಮಿ.ಮೀ. ಓಡುವಾಗ ರಿಂಗು ಬೋರಿಗಿಂತ 100 ಡಿಗ್ರಿ ಹೆಚ್ಚು ಕಾದರೆ ಬೀಡುಕಬ್ಬಿಣದ ರಿಂಗು ಹತ್ತಿರ ಹತ್ತಿರ 0.2 ಮಿ.ಮೀ. ಉದ್ದವಾಗುತ್ತದೆ. ಬೆಳೆಯಲು ಜಾಗ ಇಲ್ಲದಿದ್ದರೆ ತುದಿಗೆ ತುದಿ ಗುದ್ದಿ, ರಿಂಗು ಹೊರಕ್ಕೆ ಒತ್ತಿ, ಬೋರು ಗೀರುತ್ತದೆ ಅಥವಾ ಗಾಡಿ ಸೀಝ್ ಆಗುತ್ತದೆ. ಅದಕ್ಕೇ ಇಂಥ ಬೋರಿಗೆ 0.20ರಿಂದ 0.35ರೊಳಗೆ ಸಂದಿ ಇಡುವುದು. ಸ್ವಲ್ಪ ಜಾಸ್ತಿಯಾದರೆ ಚೂರು ಕಂಪ್ರೆಶನ್ ಹೋಗುತ್ತದೆ, ಕಡಿಮೆಯಾದರೆ ಎಂಜಿನ್ನೇ ಹೋಗುತ್ತದೆ. ಕಡಿಮೆ ಬಂದರೆ ನಯವಾದ ಅರದಿಂದ, ಹೊರಮೈಯಿಂದ ಒಳಕ್ಕೆ, ಒಂದೇ ದಿಕ್ಕಿನಲ್ಲಿ ಎರಡೆರಡು ಸಲ ಎಳೆದು ಮತ್ತೆ ಅಳೆಯಿರಿ. ಒಳಗಿನಿಂದ ಹೊರಕ್ಕೆ ಎಳೆದರೆ ಉಜ್ಜುವ ಮೈಯ ಅಂಚು ಚಕ್ಕೆ ಏಳುತ್ತದೆ.

ಇನ್ನು ಪಿನ್. ಟೂ ಸ್ಟ್ರೋಕ್ ಬೋರಿನ ಗೋಡೆಯಲ್ಲಿ ಕಿಟಕಿಗಳಿವೆ, ಸೈಲೆನ್ಸರ್ ಕಡೆಯದು ಎಲ್ಲಕ್ಕಿಂತ ದೊಡ್ಡದು. ರಿಂಗು ಗ್ರೂವಿನಲ್ಲಿ ತಿರುಗುತ್ತಾ ಹೋಗಿ ಅದರ ತುದಿ ಆ ಕಿಟಕಿಯ ಮೇಲೆ ಬಂದರೆ ಹೊರಕ್ಕೆ ಚಿಮ್ಮಿ, ಪಿಸ್ಟನ್ ಮೇಲೇರುವಾಗ ಅಂಚಿಗೆ ಸಿಕ್ಕಿ ಮುರಿಯುತ್ತದೆ. ತುದಿಗಳು ಯಾವಾಗಲೂ ಗಟ್ಟಿ ಗೋಡೆಯ ಮೇಲೇ ಜಾರಲಿ ಎಂದು ಪಿನ್ ರಿಂಗನ್ನು ಹಿಡಿದಿರುತ್ತದೆ. ನಿಮ್ಮ ಬಾಣದ ಪ್ರಶ್ನೆಗೂ ಉತ್ತರ ಇದರಲ್ಲೇ ಇದೆ. ಬಾಣ ಸೈಲೆನ್ಸರ್ ಪೋರ್ಟಿನ ಕಡೆಗೆ. ಉಲ್ಟಾ ಹಾಕಿದರೆ ಪಿನ್‌ಗಳ ಜಾಗವೇ ಬದಲಾಗಿ ರಿಂಗಿನ ತುದಿ ಕಿಟಕಿಗೆ ಬರುತ್ತದೆ.

ಕೆಲಸ ಕಲಿಯುವಾಗ ನಾನು ಮುರಿದ ಮೊದಲ ರಿಂಗು ಇದೇ ಪಿನ್ನಿನದು. ಪಿಸ್ಟನ್ ಮೇಲೆ ಬೋರು ಇಳಿಸುತ್ತಿದ್ದೆ, ಅರ್ಧ ಇಳಿದು ನಿಂತಿತು. ಪ್ಯಾಕಿಂಗ್ ಹಿಡಿದಿರಬೇಕು ಅಂದುಕೊಂಡು ಅಂಗೈಯಿಂದ ಮೇಲೊಂದು ಪೆಟ್ಟು ಕೊಟ್ಟೆ. ‘ಟಿಕ್’ ಅಂತ ಒಂದು ಸಣ್ಣ ಸದ್ದು, ಗಾಜಿನ ಬಳೆ ಒಡೆದ ಹಾಗೆ. ಆಮೇಲೆ ಸಲೀಸಾಗಿ ಇಳಿಯಿತು. ಮೇಸ್ತ್ರಿ ಆ ಕಡೆ ಕಾರ್ಬುರೇಟರ್ ತೊಳೆಯುತ್ತಿದ್ದವರು ತಲೆ ಎತ್ತದೆ ‘ಬಿಚ್ಚು’ ಅಂದರು. ರಿಂಗಿನ ತುದಿ ಪಿನ್ನಿನ ಅಕ್ಕಪಕ್ಕ ಕೂರದೆ ಅದರ ಮೇಲೇ ಹತ್ತಿ ಕೂತಿತ್ತು. ಆ ದಿನದಿಂದ, ಬೋರು ಇಳಿಯುವಾಗ ತಡೆದರೆ ನಾನು ಒತ್ತುವುದಿಲ್ಲ, ಹಿಂದಕ್ಕೆ ತೆಗೆದು ನೋಡುತ್ತೇನೆ. ರಿಂಗು ಸರಿಯಾಗಿ ಕೂತಿದ್ದರೆ ಬೋರು ಎರಡು ಬೆರಳಿನ ಬಲಕ್ಕೆ ಇಳಿಯುತ್ತದೆ.

ಬೋರಿಂಗ್ ಮಾಡಿಸಿದರೆ ಲೇತ್‌ನವರು ಬಹಳ ಸಲ ಬಿಟ್ಟುಬಿಡುವ ಕೆಲಸವೊಂದಿದೆ. ಕೊರೆದ ಮೇಲೆ ಪೋರ್ಟುಗಳ ಅಂಚು ಬ್ಲೇಡಿನಂತೆ ಚೂಪಾಗಿರುತ್ತದೆ, ಅದನ್ನು ಸಣ್ಣ ಅರದಿಂದಲೋ ಎಮರಿ ಕಲ್ಲಿನಿಂದಲೋ ಸುತ್ತಲೂ ಮುರಿಯಬೇಕು. ತರುವಾಗಲೇ ಬೆರಳು ಆಡಿಸಿ ನೋಡಿ. ಬೆರಳು ಕೊಯ್ಯುವ ಅಂಚು ರಿಂಗನ್ನೂ ಕೊಯ್ಯುತ್ತದೆ. ‘ಅಂಚು ಮುರಿದಿದ್ದೀರಾ’ ಎಂದು ಕೇಳುವುದಕ್ಕೆ ಸಂಕೋಚ ಬೇಡ.

ಆಮೇಲೆ ತೊಳೆಯುವುದು. ಪೆಟ್ರೋಲಿನಲ್ಲಿ ಒರೆಸಿದರೆ ಎಣ್ಣೆ ಹೋಗುತ್ತದೆ, ಹೋನಿಂಗ್ ಗೆರೆಗಳೊಳಗೆ ಕೂತ ಕಲ್ಲಿನ ಪುಡಿ ಹೋಗುವುದಿಲ್ಲ. ಬಿಸಿನೀರು, ಬಟ್ಟೆ ಸೋಪು, ಗಟ್ಟಿ ಬ್ರಷ್ಷು ಹಾಕಿ ಉಜ್ಜಿ. ಹಳೇ ಬಿಳಿ ಪಂಚೆಯ ತುಂಡಿನಿಂದ ಒರೆಸಿದಾಗ ಬೂದು ಬಣ್ಣ ಹತ್ತುವುದು ನಿಲ್ಲುವ ತನಕ ತೊಳೆಯುತ್ತಲೇ ಇರಬೇಕು. ಒಣಗಿದ ತಕ್ಷಣ ಎಣ್ಣೆ ಸವರಿ. ಊಟ ಮಾಡಿ ಬಂದು ಸವರೋಣ ಅಂದರೆ ಅಷ್ಟರಲ್ಲಿ ಕೆಂಪಗೆ ತುಕ್ಕು ಕೂತಿರುತ್ತದೆ.

ಹಳೇ ಪಿಸ್ಟನ್ನೇ ಉಳಿಸಿಕೊಳ್ಳುವುದಾದರೆ ಹಳೇ ರಿಂಗನ್ನು ಎಸೆಯಬೇಡಿ. ಎರಡು ತುಂಡು ಮಾಡಿ, ಮುರಿದ ತುದಿಯಿಂದ ಗ್ರೂವಿನ ಕಾರ್ಬನ್ ಕೆರೆಯಿರಿ. ಅದೇ ಅಳತೆಯ ಉಳಿ ಬೇರೆ ಎಲ್ಲಿ ಸಿಕ್ಕೀತು? ಅಲ್ಯೂಮಿನಿಯಂ ಎದ್ದು ಬರದಂತೆ ಹಗುರವಾಗಿ ಕೆರೆಯಿರಿ. ಹೊಸ ರಿಂಗು ಗ್ರೂವಿನಲ್ಲಿ ಸಡಿಲವಾಗಿ ಆಡಬೇಕು. ಸುಟ್ಟ ಗ್ಯಾಸು ರಿಂಗಿನ ಬೆನ್ನ ಹಿಂದೆ ನುಗ್ಗಿ ಅದನ್ನು ಗೋಡೆಗೆ ಒತ್ತಿ ಹಿಡಿಯುವುದರಿಂದಲೇ ಕಂಪ್ರೆಶನ್ ನಿಲ್ಲುವುದು. ಸ್ಪ್ರಿಂಗ್ ಗುಣವೊಂದರಿಂದಲೇ ಅಷ್ಟು ಒತ್ತಡ ಬರುವುದಿಲ್ಲ. ಕಾರ್ಬನ್ನಿನಲ್ಲಿ ಅಂಟಿಕೊಂಡ ರಿಂಗು ಇದ್ದೂ ಇಲ್ಲದ ಹಾಗೆ. ನಿಮ್ಮ ಕಿಕ್ಕರ್ ಬಿಗಿ ಇಲ್ಲದೆ ಬೀಳುತ್ತಿದ್ದುದಕ್ಕೆ ಇದೇ ಕಾರಣವಿದ್ದರೂ ಇರಬಹುದು.

ಜೋಡಿಸುವಾಗ ಕೆಳಗಿನ ರಿಂಗು ಮೊದಲು, ಮೇಲಿನದು ಆಮೇಲೆ. ಎರಡೂ ಹೆಬ್ಬೆರಳಿನಿಂದ ತುದಿಗಳನ್ನು ಪಿಸ್ಟನ್ ದಾಟುವಷ್ಟೇ ಅಗಲಿಸಿ, ಹೆಚ್ಚು ಬೇಡ. ಪಿಸ್ಟನ್ನನ್ನು ಕನೆಕ್ಟಿಂಗ್ ರಾಡಿಗೆ ಜೋಡಿಸುವ ಗಜನ್ ಪಿನ್ನಿಗೆ ಲಾಕ್ ಹಾಕುವ ಮೊದಲು ಕ್ರ್ಯಾಂಕ್‌ಕೇಸ್ ಬಾಯಿಗೆ ಬಟ್ಟೆ ತುರುಕಿ. ಹಾರಿದ ಲಾಕು ಬೇರೆಲ್ಲ ಬಿಟ್ಟು ಆ ತೂತಿಗೇ ಹೋಗಿ ಬೀಳುತ್ತದೆ. ಲಾಕುಗಳು ಹೊಸವೇ ಇರಲಿ, ಹಳೆಯವನ್ನು ಮತ್ತೆ ಬಳಸಬೇಡಿ. ಬೋರಿನ ಬುಡದ ಪ್ಯಾಕಿಂಗೂ ಹೊಸದೇ. ಅಲ್ಲಿ ಗಾಳಿ ಎಳೆದರೆ ಮಿಶ್ರಣ ತೆಳುವಾಗಿ ಎಂಜಿನ್ ಕಾದು, ಮಾಡಿದ ಕೆಲಸವೆಲ್ಲ ನೀರಿನಲ್ಲಿ ಹೋಮ.

ಪ್ರಶ್ನೆ: ನಮ್ಮದು 110 ಸಿಸಿ ಗೇರ್‌ಲೆಸ್ ಸ್ಕೂಟರ್. ಹೊಗೆ ಬರುತ್ತಿತ್ತೆಂದು ಗ್ಯಾರೇಜಿನಲ್ಲಿ ರಿಂಗ್ ಬದಲಿಸಿದರು. ಈಗ ಮೊದಲಿಗಿಂತ ಹೆಚ್ಚು ನೀಲಿ ಹೊಗೆ. ಮೂರು ವಾರಕ್ಕೆ ಡಿಪ್‌ಸ್ಟಿಕ್‌ನಲ್ಲಿ ಎಣ್ಣೆ ಕೆಳಗಿನ ಗೆರೆಗೆ ಬಂದಿದೆ. ರಿಂಗ್ ಕಂಪನಿಯದೇ ಅಂತಾರೆ.
— ದಾವಣಗೆರೆಯ ಓದುಗರು

ಉತ್ತರ: ರಿಂಗು ಅಸಲಿಯೇ ಇರಬಹುದು, ಕೂರಿಸಿದ್ದು ತಪ್ಪಾಗಿರಬಹುದು. ಫೋರ್ ಸ್ಟ್ರೋಕ್ ಪಿಸ್ಟನ್ನಿನ ಮೂರನೇ ಗ್ರೂವಿನಲ್ಲಿ ಆಯಿಲ್ ರಿಂಗಿದೆ. ಅದು ಒಂದು ರಿಂಗಲ್ಲ, ಮೂರು ಬಿಡಿಭಾಗ: ನಡುವೆ ಅಲೆಅಲೆಯಾದ ಸ್ಪ್ರಿಂಗ್ ಪಟ್ಟಿ, ಅದರ ಮೇಲೊಂದು ಕೆಳಗೊಂದು ತೆಳು ಉಕ್ಕಿನ ತಗಡು. ಅಲೆಪಟ್ಟಿಯ ಎರಡು ತುದಿ ಮುಖಾಮುಖಿ ತಾಗಿ ನಿಲ್ಲಬೇಕು. ಅವಸರದಲ್ಲಿ ಒಂದು ತುದಿ ಇನ್ನೊಂದರ ಮೇಲೆ ಹತ್ತಿಬಿಟ್ಟರೆ ತಗಡುಗಳನ್ನು ಹೊರಕ್ಕೆ ಒತ್ತುವವರೇ ಇಲ್ಲ. ಎಣ್ಣೆ ಕೆರೆದು ಕೆಳಕ್ಕೆ ಕಳಿಸುವ ಬದಲು ಮೇಲಕ್ಕೆ ಬಿಡುತ್ತದೆ. ಹೊಸ ರಿಂಗ್ ಹಾಕಿದ ಮೇಲೆ ಹೊಗೆ ಹೆಚ್ಚಾಯಿತೆಂದರೆ ನಾನು ಮೊದಲು ಅನುಮಾನಿಸುವುದು ಇದನ್ನೇ.

ಎರಡನೆಯದು ಅಕ್ಷರ. ಮೇಲಿನ ಎರಡು ರಿಂಗುಗಳ ತುದಿಯ ಹತ್ತಿರ ‘ಆರ್’ ಅಥವಾ ‘ಟಿ’ಯಂಥ ಚಿಕ್ಕ ಗುರುತಿರುತ್ತದೆ, ಅದು ಮೇಲ್ಮುಖವಾಗಿರಬೇಕು. ಎರಡನೇ ರಿಂಗಿನ ಮೈ ಸಾಮಾನ್ಯವಾಗಿ ತುಸು ಇಳಿಜಾರು. ಕವುಚಿ ಹಾಕಿದರೆ ಅದೇ ಎಣ್ಣೆಯನ್ನು ಮೇಲಕ್ಕೆ ತಳ್ಳುತ್ತದೆ. ಇಲ್ಲಿ ಪಿನ್ ಇಲ್ಲದ ಕಾರಣ ಸಂದಿಗಳನ್ನು ನಾವೇ ಹಂಚಿಡಬೇಕು. ಒಂದಕ್ಕೊಂದು 120 ಡಿಗ್ರಿ ದೂರ, ಅಂದರೆ ಆಟೋರಿಕ್ಷಾದ ಮೂರು ಚಕ್ರದ ಹಾಗೆ. ಪಿಸ್ಟನ್ ಮೇಲಿನ ‘ಐಎನ್’ ಗುರುತು ಗಾಳಿ ಬರುವ ಕಡೆಗೆ, ಅಂದರೆ ಕಾರ್ಬುರೇಟರ್ ಇರುವ ಕಡೆಗೆ.

ಬಿಚ್ಚಿಸುವ ಮೊದಲು ಒಂದು ಪರೀಕ್ಷೆ ಮಾಡಿ. ಬೆಳಿಗ್ಗೆ ಸ್ಟಾರ್ಟ್ ಮಾಡಿದಾಗ ಒಂದು ಬುಸ್ ಹೊಗೆ ಬಂದು ನಿಂತುಹೋದರೆ ಅನುಮಾನ ವಾಲ್ವ್ ಸೀಲಿನ ಮೇಲೆ, ಆಕ್ಸಿಲರೇಟರ್ ಕೊಟ್ಟಷ್ಟೂ ಹೊಗೆ ಬರುತ್ತಲೇ ಇದ್ದರೆ ರಿಂಗಿನ ಮೇಲೆ. ವಾಲ್ವ್ ಸೀಲ್ ತೀರಾ ಅಗ್ಗದ ವಸ್ತು. ಹೇಗಿದ್ದರೂ ಹೆಡ್ ಬಿಚ್ಚುತ್ತೀರಿ, ಅದನ್ನೂ ಬದಲಿಸಲು ಹೇಳಿ. ಬಿಚ್ಚುವಾಗ ಎದುರಿಗೆ ನಿಂತು ಅಲೆಪಟ್ಟಿಯ ತುದಿ ನೋಡಿಬಿಡಿ. ಗ್ಯಾರೇಜಿನವರು ನೋಡಬೇಡಿ ಅನ್ನುವುದಿಲ್ಲ, ಅಂದರೆ ಅದೇ ಉತ್ತರ.

ಪ್ರಶ್ನೆ: ಹಳೇ ಟೂ ಸ್ಟ್ರೋಕ್ ಸ್ಕೂಟರಿಗೆ ಬೋರಿಂಗ್, ಹೊಸ ಪಿಸ್ಟನ್ ಆಗಿದೆ. ಸಾವಿರ ಕಿಲೋಮೀಟರ್ ತನಕ ಮೂವತ್ತರ ಮೇಲೆ ಹೋಗಬೇಡಿ ಅಂದಿದ್ದಾರೆ. ನಮ್ಮೂರು ಕೊಟ್ಟಿಗೆಹಾರ, ವಾರಕ್ಕೊಮ್ಮೆ ಚಾರ್ಮಾಡಿ ಘಾಟಿ ಇಳಿದು ಉಜಿರೆಗೆ ಹೋಗಬೇಕು. ಇಳಿಜಾರಿನಲ್ಲಿ ಎಂಜಿನ್ನಿಗೆ ಶ್ರಮವಿಲ್ಲವಲ್ಲ, ತೊಂದರೆ ಇಲ್ಲ ತಾನೆ?

ಉತ್ತರ: ಹೊಸ ಟೂ ಸ್ಟ್ರೋಕ್ ಪಿಸ್ಟನ್ನಿಗೆ ಏರಿಗಿಂತ ಇಳಿಜಾರೇ ಅಪಾಯ. ಈ ಎಂಜಿನ್ನಿಗೆ ಎಣ್ಣೆ ಬರುವುದು ಪೆಟ್ರೋಲಿನ ಜತೆಗೆ. ಆಕ್ಸಿಲರೇಟರ್ ಪೂರ್ತಿ ಬಿಟ್ಟು ಗೇರಿನಲ್ಲೇ ಇಳಿದರೆ ಚಕ್ರ ಎಂಜಿನ್ನನ್ನು ಜೋರಾಗಿ ತಿರುಗಿಸುತ್ತದೆ, ಎಣ್ಣೆ ಮಾತ್ರ ಬರುವುದಿಲ್ಲ. ತಿರುವು ತಿರುವಿಗೂ ಒಂದು ಕ್ಷಣ ಕ್ಲಚ್ ಹಿಡಿದು ಆಕ್ಸಿಲರೇಟರ್ ತುಸು ತಿರುಗಿಸಿ ಬಿಡುತ್ತಾ ಬನ್ನಿ, ಒಳಗೆ ಎಣ್ಣೆ ಹೋಗುತ್ತಿರುತ್ತದೆ. ನ್ಯೂಟ್ರಲ್ ಮಾಡಿ ಇಳಿಯುವ ಉಪಾಯ ಮಾತ್ರ ಬೇಡ, ಆ ಘಾಟಿಯಲ್ಲಿ ಬರೀ ಬ್ರೇಕನ್ನು ನಂಬುವ ಹಾಗಿಲ್ಲ.

ಮೂವತ್ತರ ಲೆಕ್ಕವನ್ನು ನಾನು ಪೂರ್ತಿ ಒಪ್ಪುವುದಿಲ್ಲ. ಒಂದೇ ವೇಗದಲ್ಲಿ ಗಂಟೆಗಟ್ಟಲೆ ತೆವಳಿದರೆ ರಿಂಗಿನ ಬೆನ್ನಿಗೆ ಒತ್ತಡ ಸಾಲದೆ ಬೋರಿನ ಗೋಡೆ ಕನ್ನಡಿಯಂತೆ ಹೊಳಪಾಗಿ, ಮುಂದೆ ರಿಂಗು ಕೂರುವುದೇ ಇಲ್ಲ. ಮೊದಲ 500 ಕಿ.ಮೀ. ಅರ್ಧ ಆಕ್ಸಿಲರೇಟರ್ ದಾಟಬೇಡಿ, ಆದರೆ ವೇಗ ಏರಿಸುತ್ತಾ ಇಳಿಸುತ್ತಾ ಇರಿ. ಹಿಂದೆ ಯಾರನ್ನೂ ಕೂರಿಸಿಕೊಂಡು ಘಾಟಿ ಹತ್ತಬೇಡಿ. ಅರ್ಧ ಗಂಟೆ ಓಡಿಸಿದ ಮೇಲೆ ಹತ್ತು ನಿಮಿಷ ನಿಲ್ಲಿಸಿ. ಚಾರ್ಮಾಡಿಯಲ್ಲಿ ನಿಲ್ಲಲು ನೆಪ ಹುಡುಕಬೇಕಾಗಿಲ್ಲ.

ಲೀಟರಿಗೆ 20 ಮಿ.ಲೀ. ಟೂ-ಟಿ ಎಣ್ಣೆ ಹಾಕುವ ಗಾಡಿಯಾದರೆ ಈ 500 ಕಿ.ಮೀ. ತನಕ 25 ಹಾಕಿ. ಎಣ್ಣೆ ಜಾಸ್ತಿಯಾದಷ್ಟೂ ಒಳ್ಳೆಯದೆಂದು 50 ಸುರಿಯುವವರಿದ್ದಾರೆ. ಅಷ್ಟು ಎಣ್ಣೆ ಕಾರ್ಬುರೇಟರಿನ ಜೆಟ್‌ನಲ್ಲಿ ಪೆಟ್ರೋಲಿನ ಜಾಗ ತಿಂದು ಮಿಶ್ರಣ ತೆಳುವಾಗುತ್ತದೆ, ಎಂಜಿನ್ ಇನ್ನಷ್ಟು ಕಾಯುತ್ತದೆ. ಮೊದಲ ಸಲ ಘಾಟಿ ಇಳಿದು ಹತ್ತಿ ಬಂದ ಮಾರನೇ ದಿನ, ಎಂಜಿನ್ ಪೂರ್ತಿ ತಣ್ಣಗಿರುವಾಗ, ಹೆಡ್ಡಿನ ನಾಲ್ಕು ನಟ್ಟುಗಳನ್ನು ಎದುರುಬದುರಾಗಿ ಒಂದು ಸುತ್ತು ಪರೀಕ್ಷಿಸಿ. ಒಂದೆರಡಾದರೂ ಸಡಿಲವಾಗಿ ಸಿಗುತ್ತವೆ.